ಒಳಗ ಯಾರದೀರಿ?

ಈ ಸಲ ಬರೀಲಿಕ್ಕತ್ತಿದ್ದು ಅಡಗಿದೂ ಅಲ್ಲ, ಹಬ್ಬದ್ದೂ ಅಲ್ಲ. ಸಾರ್ವಜನಿಕ ಸಂಡಾಸದ ಕಥಿ. ‘ಅಯ್ಯ ನಮ್ಮವ್ವಾ, ಬರಿಯೋದಕ್ಕ ಬ್ಯಾರೆ ಏನೂ ಸಿಗಲಿಲ್ಲೇನು’ ಅಂತ ಮೂಗಿನ ಮ್ಯಾಲ ಬಟ್ಟ ಇಡಬ್ಯಾಡ್ರಿ. ಲಗ್ನಕ್ಕ ಹೋಗ್ರಿ, ಜಾತ್ರಿಗೆ ಹೋಗ್ರಿ, ದವಾಖಾನಿಗೆ ಹೋಗ್ರಿ, ಮನಿ ಬಿಟ್ಟು ಹೊರಗ ಕಾಲಿಟ್ಟ ಕೂಡ್ಲೆ ನಮ್ಮ ತಲಿಯೊಳಗ ಮೊದಲ ಬರೋ ಚಿಂತಿ ಯಾವುದು ಅಂತ ನಮಗೆಲ್ಲಾರಿಗೂ ಗೊತ್ತದ. ಬಾಯಿ ಬಿಟ್ಟು ಹೇಳಂಗಿಲ್ಲ, ಅಷ್ಟ.

ಹೆಸರಿನಿಂದನ ಸುರು ಮಾಡೂಣು. ಸಾಲ್ಯಾಗಿದ್ದಾಗ ಬಟ್ಟ ಎತ್ತಿ ‘ಒಂದಕ್ಕ’, ‘ಎರಡಕ್ಕ’ ಅಂತಿದ್ವಿ. ಹಿರಿಯರು ‘ಹೊರಕಡೆ’, ‘ಬೈಲಕಡೆ’, ‘ಜಲಬಾಧೆ’ ಅಂತಿದ್ರು. ಬೀಗರ ಮನ್ಯಾಗಿದ್ರ ‘ಸ್ವಲ್ಪ ಕೈಕಾಲು ತೊಳಕೊಂಡು ಬರ್ತೀನಿ’. ಜಾಗಾದ ಹೆಸರುಗಳೂ ಹಂಗ. ಪಾಯಖಾನೆ ಅನ್ನೋದು ಪಾರ್ಸಿ ಮಾತು, ‘ಪಾಯ್’ ಅಂದ್ರ ಕಾಲು, ‘ಖಾನಾ’ ಅಂದ್ರ ಮನಿ. ಶೌಚಾಲಯದ ‘ಶೌಚ’ ಅಂದ್ರ ಶುದ್ಧಿ, ಸ್ವಚ್ಛ ಆಗೋದು. ಇಂಗ್ಲಿಷರ ಟಾಯ್ಲೆಟ್ ಬಂದದ್ದು ಫ್ರೆಂಚಿನಿಂದ, ಸಿಂಗಾರದ ಮೇಜಿನ ಮ್ಯಾಲ ಹಾಸೋ ಸಣ್ಣ ಬಟ್ಟಿಗೆ ಆ ಹೆಸರಿತ್ತು. ಅಮೆರಿಕದವರು ರೆಸ್ಟ್ ರೂಮ್ ಅಂತಾರ, ಅಂದ್ರ ವಿಶ್ರಾಂತಿ ಖೋಲಿ! ಯಾವ ದೇಶದವರೂ ಇದ್ದದ್ದನ್ನ ಇದ್ದಂಗ ಹೇಳವಲ್ರು.

ಹೆಸರು ಹೇಳಲಿಕ್ಕೆ ನಾಚಿದ್ರ ಏನು ಗಂಟು ಹೋಗ್ತದ ಅಂತ ಕೇಳಬಹುದು. ಹೇಳಲಾರದ್ದನ್ನ ಯಾರೂ ಕೇಳಂಗಿಲ್ಲ, ಕೇಳಲಾರದ್ದನ್ನ ಯಾರೂ ಕಟ್ಟಂಗಿಲ್ಲ. ಇದರ ಇತಿಹಾಸ ಓದಿಕೋತ ಹೋದ್ರ ಎಲ್ಲಾ ಕಡೆ ಇದ ಒಂದು ಮಾತು ಕಾಣಸ್ತದ. ಎಲ್ಲೆಲ್ಲೆ ಹೆಣ್ಣಮಕ್ಕಳಿಗೆ ಒಂದು ಸಂಡಾಸ ಆಗ್ಯದೋ, ಅಲ್ಲೆ ಯಾರೋ ಒಬ್ಬರು ನಾಚಿಗಿ ಬಿಟ್ಟು ನಾಲ್ಕು ಮಂದಿ ಮುಂದ ಅದರ ಹೆಸರು ಎತ್ತ್ಯಾರ.

ಈ ನಾಚಿಗಿ ಮನಿಷಾನ ಜೋಡಿ ಹುಟ್ಟಿ ಬಂದದ್ದೇನಲ್ಲ. ಸುಮಾರು 4,500 ವರ್ಷದ ಹಿಂದ ಮೊಹೆಂಜೊದಾರೊ ಊರಿನ ಮನಿಗಳೊಳಗ ಬಚ್ಚಲಿದ್ವು, ಕೆಲವು ಮನ್ಯಾಗ ಸಂಡಾಸನೂ ಇದ್ವು, ಹೊಲಸು ನೀರು ಹರದು ಹೋಗಲಿಕ್ಕೆ ಇಟ್ಟಂಗಿ ಗಟಾರ ಕಟ್ಟಿದ್ರು. ಅಲ್ಲಿಂದ ಭಾಳ ದೂರದ ರೋಮ್ ಪಟ್ಟಣದ ರೀತಿನ ಬ್ಯಾರೆ. ಅಲ್ಲೆ ಊರ ಮಂದಿಗೆಲ್ಲಾ ಸೇರಿ ಸಂಡಾಸ. ಉದ್ದಕ ಕಲ್ಲಿನ ಕಟ್ಟಿ, ಅದರಾಗ ಸಾಲಾಗಿ ತೂತು, ಕೆಳಗ ಹರಿಯೋ ನೀರು. ನಡುವ ಗ್ವಾಡಿ ಇಲ್ಲ, ಪರದೆ ಇಲ್ಲ, ಬಾಗಲಾ ಇಲ್ಲ. ನಾವು ಬಸ್ಸಿನಾಗ ಬಾಜೂಬಾಜೂಕ ಕೂಡ್ತೀವಲ್ಲ, ಹಂಗ ಕೂಡ್ತಿದ್ರು. ರೋಮಿನ ಹತ್ತಿರದ ಓಸ್ಟಿಯಾದಾಗ ಅಂಥಾದ್ದೊಂದು ಇವತ್ತಿಗೂ ನೋಡಲಿಕ್ಕೆ ಸಿಗ್ತದ. 4ನೇ ಶತಮಾನದ ಒಂದು ಪಟ್ಟಿಯೊಳಗ ರೋಮ್ ಪಟ್ಟಣದಾಗ 144 ಸಾರ್ವಜನಿಕ ಸಂಡಾಸ ಅವ ಅಂತ ಬರದಾರ. ನಮಗ ಕೇಳಿದ್ರ ಮೈ ಝುಂ ಅಂತದ, ಅವರಿಗೆ ಅದು ದಿನಾದ ರೂಢಿ. ಅಂದ ಮ್ಯಾಲ ಯಾವುದಕ್ಕ ನಾಚಬೇಕು, ಎಷ್ಟು ನಾಚಬೇಕು ಅನ್ನೋದನ್ನ ಆಯಾ ಕಾಲದ ಮಂದಿನ ಕಲಿಸೋದು.

ನಮ್ಮ ಈಗಿನ ರೊಕ್ಕ ಕೊಟ್ಟು ಒಳಗ ಹೋಗೋ ಪದ್ಧತಿ ಜಗತ್ತಿಗೆಲ್ಲಾ ಹೆಸರಾದದ್ದು ಲಂಡನ್ನಿನಾಗ. 1851ರಾಗ ಅಲ್ಲೆ ಹೈಡ್ ಪಾರ್ಕಿನಾಗ ಗಾಜಿನ ದೊಡ್ಡ ಅರಮನಿ ಕಟ್ಟಿ ಒಂದು ಜಾಗತಿಕ ಪ್ರದರ್ಶನ ಇಟ್ಟಿದ್ರು. ಸುಮಾರು 60 ಲಕ್ಷ ಮಂದಿ ಬಂದು ಹೋದ್ರು. ಜಾರ್ಜ್ ಜೆನ್ನಿಂಗ್ಸ್ ಅನ್ನೋ ನಳದ ಕೆಲಸದ ಇಂಜಿನಿಯರು ಅಲ್ಲೆ ನೀರು ಬಿಡೋ ಸಂಡಾಸ ಕೂಡಿಸಿ, ತಲಿಗೆ ಒಂದು ಪೆನ್ನಿ ದರ ಇಟ್ಟಾ. 8,27,280 ಮಂದಿ ರೊಕ್ಕ ಕೊಟ್ಟು ಹೋಗಿಬಂದ್ರು ಅಂತ ಲೆಕ್ಕ ಅದ. ಆ ಊರಿನಾಗ ‘ಒಂದು ಪೆನ್ನಿ ಖರ್ಚು ಮಾಡಿ ಬರ್ತೀನಿ’ ಅಂದ್ರ ‘ಒಂದಕ್ಕ ಹೋಗಿಬರ್ತೀನಿ’ ಅಂತನ ಅರ್ಥ. ನೋಡ್ರಿ, ಮತ್ತೊಂದು ಮುಸುಕಿನ ಮಾತು ಹುಟ್ಟಿತು.

ಇದಾದ ಮ್ಯಾಲ ಲಂಡನ್ನಿನ ಓಣಿಗೋಳಾಗ ಗಂಡಸ್ರಿಗೆ ಸಾಕಷ್ಟು ಕಟ್ಟಿದ್ರು. ಹೆಂಗಸರಿಗೆ? ಕೈಬೆರಳಿನಾಗ ಎಣಸೋವಷ್ಟು. ಮರ್ಯಾದಸ್ಥ ಹೆಂಗಸು ಮನ್ಯಾಗಿರ್ತಾಳ, ಆಕಿಗೆ ಬೀದ್ಯಾಗ ಸಂಡಾಸ ಯಾಕ ಬೇಕು ಅನ್ನೋ ವಿಚಾರ. ಹಿಂಗಾಗಿ ಹೊರಗ ಹೋದ ಹೆಂಗಸು ಎಷ್ಟು ದೂರ ಹೋಗಬಹುದು ಅನ್ನೋದನ್ನ ಆಕಿ ಕಾಲು ಅಲ್ಲ, ಆಕಿ ಎಷ್ಟೊತ್ತು ತಡಕೋತಾಳ ಅನ್ನೋದು ಗೊತ್ತು ಮಾಡ್ತಿತ್ತು. ಮನಿಗೆ ಕಟ್ಟಿದ ಹಗ್ಗ ಇದ್ದಂಗ.

1900ರ ಸುಮಾರಿಗೆ ಅಲ್ಲೇ ಕ್ಯಾಮ್ಡೆನ್ ಅನ್ನೋ ಭಾಗದಾಗ ಹೆಂಗಸರಿಗೆ ಒಂದು ಸಂಡಾಸ ಕಟ್ಟೋ ಮಾತು ಬಂತು. ನಾಟಕಕಾರ ಜಾರ್ಜ್ ಬರ್ನಾರ್ಡ್ ಷಾ ಆವಾಗ ಅಲ್ಲಿಯ ಸ್ಥಳೀಯ ಆಡಳಿತದ ಸದಸ್ಯ. ಆತ ಇದರ ಪರ ನಿಂತಾ. ಆದ್ರ ಸಭಾದಾಗ ಅದರ ಹೆಸರು ಎತ್ತೋದ ಅಸಹ್ಯ ಅಂತ ಕೆಲವರು ಮಾರಿ ಕಿವಿಚಿದ್ರು. ಸುತ್ತಲಿನವರು ನಮ್ಮ ಆಸ್ತಿ ಬೆಲಿ ಇಳೀತದ ಅಂದ್ರು. ಜಾಗಾ ಎಷ್ಟು ಬೇಕಾಗ್ತದ ನೋಡೂಣು ಅಂತ ರಸ್ತಾದಾಗ ಕಟಗಿಯದೊಂದು ಮಾದರಿ ನಿಲ್ಲಿಸಿದ್ರ, ಕುದುರಿ ಬಸ್ಸಿನವರು ಬೇಕಂತನ ಬಂದು ಅದಕ್ಕ ಗುದ್ದಿಸಿ, ‘ನೋಡ್ರಿ, ಇದು ರಸ್ತಾಕ್ಕ ಅಡ್ಡ ಆಗ್ತದ’ ಅಂತ ತೋರಿಸಿದ್ರು! ಒಂದು ಸಂಡಾಸದ ಸಲುವಾಗಿ ವರ್ಷಗಟ್ಟಲೆ ಜಗಳ ನಡೀತು. ಷಾ 1909ರಾಗ ಇದರ ಮ್ಯಾಲೆ ಒಂದು ಲೇಖನ ಬರದಾ. ಆತ ಇನ್ನೊಂದು ಮಾತೂ ಎತ್ತಿದ್ದಾ: ಗಂಡಸ್ರಿಗೆ ಪುಕ್ಕಟ ಸಿಗೋದಕ್ಕ ಹೆಂಗಸರು ಯಾಕ ಪೆನ್ನಿ ಕೊಡಬೇಕು, ಬಡವಿ ಕಡೆ ಪೆನ್ನಿ ಎಲ್ಲಿಂದ ಬರಬೇಕು? ಈ ಪ್ರಶ್ನಾ ನೆನಪಿನ್ಯಾಗ ಇಟ್ಟುಕೊಳ್ರಿ. ಮುಂದ ಮುಂಬೈದಾಗ ಮತ್ತ ಕೇಳಸ್ತದ.

ಈಗ ನಮ್ಮ ದೇಶಕ್ಕ ಬರೂಣು. ಮನಿ, ಓಣಿ, ಹೊಲ ಬಿಟ್ಟು ಇಡೀ ದಿನ ಹೊರಗ ಇರೋ ಪ್ರಸಂಗ ಹೆಣ್ಣಮಕ್ಕಳಿಗೆ ದೊಡ್ಡ ಪ್ರಮಾಣದಾಗ ಬಂದದ್ದು ರೈಲಿನಿಂದ. 1853ರ ಏಪ್ರಿಲ್ 16ಕ್ಕ ಮುಂಬೈಯಿಂದ ಠಾಣೆಗೆ ಮೊದಲ ಪ್ರಯಾಣಿಕರ ರೈಲು ಓಡಿತು. 1890ರ ರೈಲ್ವೆ ಕಾಯದೆಯೊಳಗ ಒಂದು ಕಲಮು ಇತ್ತು: 1891ರ ಜನವರಿ 1ರಿಂದ ಪ್ರತಿ ಪ್ರಯಾಣಿಕರ ಗಾಡಿಯೊಳಗ ಕೆಳಗಿನ ದರ್ಜೆದಾಗ ಕಮ್ಮೀತ ಕಮ್ಮಿ ಒಂದು ಡಬ್ಬಿ-ಖೋಲಿ ಹೆಂಗಸರಿಗೇ ಮೀಸಲಿಡಬೇಕು, ಗಾಡಿ 50 ಮೈಲಿಗಿಂತ ಹೆಚ್ಚು ದೂರ ಹೋಗೋದಿದ್ರ ಅದರಾಗ ಪಾಯಖಾನಿನೂ ಇರಬೇಕು ಅಂತ. ಬಡ ಹೆಂಗಸರ ಈ ಅವಸರ ಸರಕಾರಿ ಕಾಗದದ ಮ್ಯಾಲ ಬಂತಲ್ಲ, ಅದ ದೊಡ್ಡದು. ಆದ್ರ 50 ಮೈಲಿ ಅಂದ್ರ 80 ಕಿಲೋಮೀಟರು. ಅಲ್ಲೀ ತನಕ? ತಡಕೊಳ್ರಿ!

ಗಂಡಸ್ರ ತಾಪತ್ರಯನೂ ಸಣ್ಣದಿರಲಿಲ್ಲ. 1909ರಾಗ ಓಖಿಲ್ ಚಂದ್ರ ಸೇನ್ ಅನ್ನೋ ಬಂಗಾಲಿ ಗ್ರಹಸ್ಥರು ರೈಲ್ವೆ ಕಚೇರಿಗೆ ಬರೆದರು ಅನ್ನೋ ಒಂದು ಪತ್ರ ದಿಲ್ಲಿಯ ರೈಲು ಮ್ಯೂಸಿಯಂ ಮೂಲಕ ಭಾಳ ಪ್ರಸಿದ್ಧ ಆಗ್ಯದ. ಹಲಸಿನ ಹಣ್ಣು ತಿಂದು ಹೊಟ್ಟಿ ಉಬ್ಬಿ, ಸ್ಟೇಶನ್ನಿನಾಗ ಇಳದು ಕೂತಾಗ ಗಾರ್ಡ್ ಸೀಟಿ ಊದಿಬಿಟ್ಟಾ. ಒಂದು ಕೈಯಾಗ ತಂಬಿಗಿ, ಒಂದು ಕೈಯಾಗ ಧೋತರ ಹಿಡಕೊಂಡು ಓಡಿ ಬಂದು, ಪ್ಲಾಟ್‌ಫಾರ್ಮಿನ ಮ್ಯಾಲೆ ಎಲ್ಲಾರ ಮುಂದ ಬಿದ್ದು ಮಾನ ಹೋತು, ಗಾರ್ಡಿಗೆ ದಂಡ ಹಾಕ್ರಿ ಅಂತ ಸಿಟ್ಟಿಲೆ ಬರದಾರ. ರೈಲಿನಾಗ ಸಂಡಾಸ ಬಂದದ್ದ ಈ ಪತ್ರದಿಂದ ಅಂತ ಮಂದಿ ಹೇಳ್ತಾರ. ಓದಿದವರೆಲ್ಲಾ ನಗ್ತಾರ, ನಗೂ ಹಂಗ ಅದ. ಆದ್ರ ಒಂದು ವಿಚಾರ ಮಾಡ್ರಿ, ಇದ ಫಜೀತಿ ಒಬ್ಬ ಹೆಣ್ಣಮಗಳಿಗೆ ಆಗಿದ್ರ ಆಕಿ ಪತ್ರ ಬರೀತಿದ್ಲೇನು? ಮನಿ ಮಂದಿಗೂ ಹೇಳ್ತಿರಲಿಲ್ಲ. ಆಕಿ ಅವತ್ತಿನಿಂದ ಪ್ರಯಾಣದಾಗ ಊಟ-ನೀರು ಬಿಡ್ತಿದ್ಲು, ಅಷ್ಟ.

ಊರು-ಹಳ್ಳಿಯೊಳಗ ಇದ್ದವರ ಕಥಿ ನಿಮಗ ನಾ ಹೇಳಬೇಕಾಗಿಲ್ಲ. ನಮ್ಮ ಅಜ್ಜಿಗೋಳು ಚರಿಗಿ ಹಿಡಕೊಂಡು ಹೋಗ್ತಿದ್ದದ್ದು ದಿನಕ್ಕ ಎರಡ ಹೊತ್ತು, ಬೆಳಕು ಹರಿಯೋಕಿಂತ ಮೊದಲ ಮತ್ತ ಕತ್ತಲಾದ ಮ್ಯಾಲ. ಅದಕ್ಕೂ ರೀತಿ-ರಿವಾಜು ಇತ್ತು. ಹೆಂಗಸರದೊಂದು ದಿಕ್ಕು, ಗಂಡಸ್ರದೊಂದು ದಿಕ್ಕು. ಒಬ್ಬಾಕಿನ ಹೋಗಬಾರದು. ದೂರಿಂದ ಕೆಮ್ಮಿ ಬರಬೇಕು. ಗಾಡಿ ಬೆಳಕು ಬಿತ್ತಂದ್ರ ಎಲ್ಲಾರೂ ಥಟ್ಟನ ಎದ್ದು ನಿಂದ್ರಬೇಕು. ಸೊಸೆಂದ್ರಿಗೆ ಅದ ಒಂದು ಮನಸು ಬಿಚ್ಚಿ ಮಾತಾಡೋ ಹೊತ್ತೂ ಆಗಿತ್ತು ಅನ್ನೋದು ಸುಳ್ಳಲ್ಲ. ಆದ್ರ ಹಗಲಿ ಹೊಟ್ಟಿ ಕೆಟ್ಟರ, ಬಸರ ಇದ್ದರ, ಮಳಿಗಾಲದಾಗ ಹಾವು-ಚೇಳು ಬಂದ್ರ ಏನು ಮಾಡಬೇಕು? ಇದು ಅಜ್ಜಿ ಕಾಲದ್ದು, ಮುಗದು ಹೋತು ಅನ್ನಬ್ಯಾಡ್ರಿ. 2011ರ ಜನಗಣತಿಯೊಳಗ ಸುದ್ದಾ ನಮ್ಮ ದೇಶದ ನೂರು ಮನ್ಯಾಗ 53 ಮನಿ ಅಂಗಳದಾಗ ಸಂಡಾಸ ಇರಲಿಲ್ಲ. 2014ರ ಅಕ್ಟೋಬರ್ 2ಕ್ಕ ಸ್ವಚ್ಛ ಭಾರತ ಸುರುವಾದ ಮ್ಯಾಲ ಮನಿಗೊಂದು ಕಟ್ಟೋ ಕೆಲಸ ಭಾಳ ಜೋರಾತು.

ಪ್ಯಾಟಿ ಮನಿಗಳೊಳಗ ಮೊದಲಿಂದ ಪಾಯಖಾನಿ ಇತ್ತಲ್ಲ ಅಂತೀರಿ. ಇತ್ತು ಖರೆ, ಆದ್ರ ಹಳೇ ಮನಿಗಳ ಹಿಂದ ಒಂದು ಇಕ್ಕಟ್ಟ ಗಲ್ಲಿ ಇರ್ತಿತ್ತು, ಪಾಯಖಾನಿಗೆ ಹಿಂದಿಂದ ಒಂದು ಸಣ್ಣ ಕಿಂಡಿ. ಆ ಗಲ್ಲಿಯಿಂದ ಬಂದು, ಕೈಲೆ ಬಳದು, ತಲಿ ಮ್ಯಾಲೆ ಹೊತ್ತುಕೊಂಡು ಹೋಗೋರನ್ನ ನಾವು ಕಂಡೂ ಕಾಣದಂಗ ಇದ್ವಿ. ಅವರಾಗ ಹೆಂಗಸರ ಹೆಚ್ಚು. ನಮ್ಮ ನಾಚಿಗಿ ಮುಚ್ಚಲಿಕ್ಕೆ ಅವರ ಮಾನ ತಗೊಂಡ್ವಿ. 1901ರಾಗ ಕಲಕತ್ತಾದ ಕಾಂಗ್ರೆಸ್ ಅಧಿವೇಶನದಾಗ ಗಾಂಧೀಜಿ ಅಲ್ಲಿಯ ಹೊಲಸು ನೋಡಿ ತಾವ ಕಸಬರಿಗಿ ತಗೊಂಡು ಪಾಯಖಾನಿ ತೊಳದ್ರು. ನಮ್ಮ ಕರ್ನಾಟಕದಾಗ 1970ರ ದಶಕದಾಗ ದೇವರಾಜ ಅರಸರ ಮಂತ್ರಿಮಂಡಲದೊಳಗಿದ್ದ ಬಿ. ಬಸವಲಿಂಗಪ್ಪನವರು ತಲಿ ಮ್ಯಾಲೆ ಮಲ ಹೊರೋ ಪದ್ಧತಿ ನಿಲ್ಲಿಸಿದ್ರು. ಇಡೀ ದೇಶಕ್ಕ ಇದರ ವಿರುದ್ಧ ಕಾಯದೆ ಬಂದದ್ದು 1993ರಾಗ, ಮತ್ತ 2013ರಾಗ ಇನ್ನೂ ಬಿಗಿಯಾದ ಕಾಯದೆ. ಇದಕ್ಕಾಗಿ ಜೀವಮಾನಿಡೀ ಹೋರಾಡಿ 2016ರಾಗ ಮ್ಯಾಗ್ಸೆಸೆ ಪ್ರಶಸ್ತಿ ತಗೊಂಡ ಬೆಜವಾಡ ವಿಲ್ಸನ್ ಅವರು ನಮ್ಮ ಕೋಲಾರದ ಕೆ.ಜಿ.ಎಫ್.ನಾಗ ಹುಟ್ಟಿದವರು. ಸಂಡಾಸದ ಇತಿಹಾಸ ಬರಿಯೋವಾಗ ಈ ಕಿಂಡಿ ಬಾಗಲಾ ಮರತರ ಅದು ಇತಿಹಾಸನ ಅಲ್ಲ.

ಬಸ್ ಸ್ಟ್ಯಾಂಡಿನ ಬಾಜೂಕ, ಬಾಗಲದಾಗ ಒಬ್ಬರು ರೊಕ್ಕ ಇಸಗೊಂಡು ಕೂತಿರೋ ಸಂಡಾಸ ನಮ್ಮ ದೇಶದಾಗ ಮನಿಮಾತಾದದ್ದು ಸುಲಭದಿಂದ. ಬಿಹಾರದ ಬಿಂದೇಶ್ವರ ಪಾಠಕ್ ಅವರು 1970ರಾಗ ಸುಲಭ ಸಂಸ್ಥಾ ಸುರು ಮಾಡಿ, 1974ರಾಗ ಪಾಟ್ನಾದಾಗ ರೊಕ್ಕ ಕೊಟ್ಟು ಬಳಸೋ ಸಂಡಾಸ ತಗದ್ರು. ಸಂಡಾಸಕ್ಕ ಯಾರು ರೊಕ್ಕ ಕೊಡ್ತಾರ ಅಂತ ಮೊದಲ ನಕ್ಕಿದ್ರಂತ. ಮಂದಿ ಕೊಟ್ರು, ಯಾಕಂದ್ರ ನೀರಿತ್ತು, ನೋಡಿಕೊಳ್ಳೋರಿದ್ರು. ದಿಲ್ಲ್ಯಾಗ ಅವರು 1992ರಾಗ ಸಂಡಾಸದ್ದ ಒಂದು ಮ್ಯೂಸಿಯಂ ಮಾಡ್ಯಾರ. 2023ರಾಗ ತೀರಿಕೊಂಡ್ರು.

ಆದ್ರ ಷಾ ಕೇಳಿದ್ದ ಪ್ರಶ್ನಾ ಇಲ್ಲೂ ಬಂತು. ಗಂಡಸ್ರಿಗೆ ಮೂತ್ರಕ್ಕ ಪುಕ್ಕಟ, ಹೆಂಗಸರಿಗೆ ಅದಕ್ಕೂ ರೊಕ್ಕ. 2011ರಾಗ ಮುಂಬೈದ ಹೆಣ್ಣಮಕ್ಕಳ ಸಂಘಟನೆಗಳು ಕೂಡಿ ‘ಮೂತ್ರಕ್ಕ ಹೋಗೋದು ನಮ್ಮ ಹಕ್ಕು’ ಅಂತ ಚಳವಳಿನ ಸುರು ಮಾಡಿದ್ರು. ಹೆಸರು ಕೇಳಿ ನಕ್ಕವರು ಭಾಳ ಇದ್ರು. ಆದ್ರ ಹೆಸರು ಹೇಳಿದ್ದಕ್ಕನ ಪೇಪರಿನಾಗ ಬಂತು, ಪಾಲಿಕೆಗೆ ಮುಟ್ಟಿತು.

ನಮ್ಮ ಕಡೆ ಉದಾಹರಣಿನೂ ಅದ. ಸುಧಾ ಮೂರ್ತಿಯವರು ಶಿಗ್ಗಾಂವಿಯೊಳಗ ಹುಟ್ಟಿ, ಹುಬ್ಬಳ್ಳ್ಯಾಗ ಇಂಜಿನಿಯರಿಂಗ್ ಓದಿದವರು. ಕಾಲೇಜಿಗೆಲ್ಲಾ ಒಬ್ಬಾಕಿನ ಹುಡಗಿ, ಹೆಣ್ಣಮಕ್ಕಳಿಗೆ ಸಂಡಾಸನ ಇರಲಿಲ್ಲ. ಈ ಸಂಗತಿ ಅವರು ಟಿವಿಯೊಳಗ, ಪುಸ್ತಕದೊಳಗ ಬಾಯಿ ಬಿಟ್ಟು ಹೇಳ್ಯಾರ, ಮುಂದ ಇನ್ಫೋಸಿಸ್ ಫೌಂಡೇಶನ್ನಿನಿಂದ ಸಾವಿರಾರು ಸಂಡಾಸ ಕಟ್ಟಿಸ್ಯಾರ. ದೊಡ್ಡ ದೇಶದ ದೊಡ್ಡ ಮಂದಿದೂ ಇದ ಹಣೇಬಾರ. ಅಮೆರಿಕದ ಸಂಸತ್ತಿನ ಕೆಳಮನಿಗೆ ಮೊದಲ ಹೆಣ್ಣಮಗಳು ಬಂದು ಕೂತದ್ದು 1917ರಾಗ, ಸಭಾ ನಡಿಯೋ ಖೋಲಿ ಬಾಜೂಕ ಅವರಿಗೆ ಸಂಡಾಸ ಆದದ್ದು 2011ರಾಗ. ನಡುವ 94 ವರ್ಷ!

ಇನ್ನ ಪಾಳಿ ಸುದ್ದಿ. ಗಂಡಸ್ರು ಹೋಗಿ ಬಂದು, ಚಹಾ ಕುಡದು ಮುಗಿಸಿದ್ರೂ ನಾವು ಪಾಳಿಯೊಳಗ ನಿಂತಿರ್ತೀವಿ. ‘ಹೆಂಗಸರು ಒಳಗ ಏನು ಮಾಡ್ತಾರೋ’ ಅಂತ ನಗಚಾಟಕಿ. ಏನು ಮಾಡ್ತೀವಿ? ಸೀರಿ ಸಂಬಾಳಸ್ತೀವಿ, ಕೂಸು ಹಿಡೀತೀವಿ, ಚೀಲ ಸಿಗಿಸಲಿಕ್ಕೆ ಗೂಟ ಹುಡುಕ್ತೀವಿ, ತಿಂಗಳ ದಿನಾ ಇದ್ರ ಅದರ ವ್ಯವಸ್ಥಾ ನೋಡ್ಕೋತೀವಿ. ಎರಡೂ ಕಡೆ ಜಾಗಾ ಅಷ್ಟ ಕೊಟ್ಟರೂ ಗಂಡಸ್ರ ಕಡೆ ನಿಂತು ಮಾಡೋ ತೊಟ್ಟಿ ಹೆಚ್ಚು ಹಿಡೀತಾವ, ನಮ್ಮ ಕಡೆ ಬಾಗಲಾ ಇರೋ ಖೋಲಿ ಕಮ್ಮಿ ಹಿಡೀತಾವ. ಸಮಾ ಜಾಗಾ ಅಂದ್ರ ಸಮಾ ಸವಲತ್ತಲ್ಲ. ಕ್ಯಾಲಿಫೋರ್ನಿಯಾದಾಗ ಒಬ್ಬ ಜನಪ್ರತಿನಿಧಿ ಸಂಗೀತ ಕಚೇರಿಗೆ ಹೋದಾಗ ಹೆಂಡತಿ, ಮಗಳು ಉದ್ದ ಪಾಳಿಯೊಳಗ ನಿಂತದ್ದು ನೋಡಿ, 1987ರಾಗ ಹೆಂಗಸರಿಗೆ ಹೆಚ್ಚು ಸಂಡಾಸ ಇರಬೇಕಂತ ಕಾಯದೆನ ಮಾಡಿಸಿದಾ. ನಮ್ಮಲ್ಲೂ ಕಾಯದೆ ಇಲ್ಲಂತಲ್ಲ. 1948ರ ಕಾರಖಾನೆ ಕಾಯದೆಯೊಳಗನ ಹೆಂಗಸರಿಗೆ ಬ್ಯಾರೆ, ಮುಚ್ಚಿದ ಸಂಡಾಸ ಇರಬೇಕಂತ ಬರದಿತ್ತು. ಇಲ್ಲದಿದ್ರ ಕೇಳೋರು ಬೇಕು.

ಸಪ್ಪಳದ ನಾಚಿಗಿನೂ ಒಂದದ. ಹೊರಗಿನವರಿಗೆ ಕೇಳಸ್ತದಂತ ನಳ ಬಿಡ್ತೀವಿ, ಬಕೀಟು ಸರಸ್ತೀವಿ. ಜಪಾನಿನ ಹೆಂಗಸರೂ ಹಂಗ, ಸಪ್ಪಳ ಮುಚ್ಚಲಿಕ್ಕೆ ಮ್ಯಾಲಿಂದ ಮ್ಯಾಲೆ ನೀರು ಬಿಟ್ಟು ಬಿಟ್ಟು ಭಾಳ ನೀರು ದಂಡ ಆಗ್ತಿತ್ತು. ಅದಕ್ಕ 1988ರಾಗ ಅಲ್ಲಿಯ ಟೋಟೋ ಕಂಪನಿ ಒಂದು ಯಂತ್ರ ತಂತು. ಗುಂಡಿ ಒತ್ತಿದ್ರ ನೀರು ಹರಿಯೋ ಸಪ್ಪಳ ಬರ್ತದ, ನೀರು ಬರಂಗಿಲ್ಲ!

ಇಷ್ಟೆಲ್ಲಾ ಯಾಕ ಬರದೆ ಅಂದ್ರ, 2023ರ ಜೂನ್ 11ರಿಂದ ನಮ್ಮ ರಾಜ್ಯದಾಗ ಹೆಣ್ಣಮಕ್ಕಳಿಗೆ ಸರಕಾರಿ ಬಸ್ಸು ಪುಕ್ಕಟ ಆಗ್ಯದ. ಸವದತ್ತಿ, ಧರ್ಮಸ್ಥಳ, ತವರುಮನಿ ಅಂತ ಎಂದೂ ಹೊರಬೀಳದಿದ್ದವರೂ ಹೊರಬಿದ್ದಾರ. ಬಸ್ಸು ಸಿಕ್ಕದ, ಆದ್ರ ಮುಂಜಾನಿಂದ ಸಂಜಿತನಕ ನೀರು ಕುಡೀದ ಕೂಡೋರು ನಮ್ಮಾಗ ಎಷ್ಟು ಮಂದಿ ಇದ್ದೀವಿ! ನೀರು ಬಿಟ್ಟರ, ತಡಕೊಂಡರ, ಉರಿಮೂತ್ರ, ಸೋಂಕು ನಮಗ ಬರ್ತಾವ. ನಾಚಿಗಿಗೆ ಬರಂಗಿಲ್ಲ.

ಹಂಗಾಗಿ ಹಳೇ ರಿವಾಜು ಬಿಟ್ಟು ನಾವ ಒಂದಿಷ್ಟು ಹೊಸಾ ರಿವಾಜು ಮಾಡ್ಕೋಬೇಕು. ಬಾಗಲಾ ದಬ್ಬೋದಲ್ಲ, ಬಡದು ‘ಒಳಗ ಯಾರದೀರಿ?’ ಅಂತ ಕೇಳೋದು, ಒಳಗಿನಾಕಿ ಉಸಿರು ಬಿಗಿ ಹಿಡಿದ ಕೂಡದ ‘ಇದ್ದೀನ್ರಿ’ ಅನ್ನೋದು. ಚಿಲಕ ಇಲ್ಲದಿದ್ರ ಗುರುತಿಲ್ಲದಾಕಿಗೂ ಬಾಗಲಾ ಹಿಡದು ನಿಂದ್ರೋದು. ಬಸರಿ, ಮುದುಕಿ, ಸಣ್ಣ ಕೂಸು ಬಂದ್ರ ಪಾಳಿ ಬಿಟ್ಟುಕೊಡೋದು. ಪ್ಯಾಡ್ ಪೇಪರಿನಾಗ ಸುತ್ತಿ ಡಬ್ಬಿಗೆ ಹಾಕೋದು, ಒಳಗ ಒಗದು ಕಟ್ಟಸೋದಲ್ಲ. ನಮ್ಮ ಹಿಂದ ಬರಾಕಿಗೆ ಸ್ವಚ್ಛ ಸಿಗೋವಂಗ ನೀರು ಹಾಕೋದು. ಅಲ್ಲೆ ಕೆಲಸ ಮಾಡೋ ಹೆಣ್ಣಮಗಳನ್ನ ‘ಏ’ ಅನ್ನದ ‘ಅಕ್ಕಾ’ ಅನ್ನೋದು. ಪೆಟ್ರೋಲ್ ಬಂಕಿನಾಗ, ಖಾನಾವಳಿಯೊಳಗ ಸಂಡಾಸ ಎಲ್ಲದ ಅಂತ ಗಟ್ಟಿಯಾಗಿ ಕೇಳೋದು, ಸಣ್ಣ ಹುಡುಗರನ್ನ ಮುಂದ ಮಾಡಿ ಕೇಳಿಸೋದಲ್ಲ.

ಮತ್ತ ಇನ್ನೊಂದು. ಇನ್ನ ಲಗ್ನದ ದಿನಾ ಬಂದ್ವು, ಕಾರ್ಯಾಲಯ ನೋಡಲಿಕ್ಕೆ ಹೋಗ್ತೀರಿ. ಎಷ್ಟು ಎಲಿ ಕೂಡ್ತಾವ, ಊಟದಾಗ ಏನೇನು ಅಂತ ಕೇಳೋಕಿಂತ ಮೊದಲ, ಹೆಂಗಸರಿಗೆ ಸಂಡಾಸ ಎಷ್ಟವ, ಎಲ್ಲಾದಕ್ಕೂ ಚಿಲಕ ಅದ ಏನು, ನಳದಾಗ ನೀರು ಬರ್ತದೋ ಇಲ್ಲೋ ಅಂತ ಕೇಳ್ರಿ, ಹೋಗಿ ಬಾಗಲಾ ತಗದು ನೋಡ್ರಿ. ಬೀಗರು ಬಾಜೂಕ ನಿಂತಿದ್ರೂ ಕೇಳ್ರಿ. ಅವರ ಮನಿ ಹೆಣ್ಣಮಕ್ಕಳೂ ಅಲ್ಲೆ ಬರೋರ ಇದ್ದಾರ.